ನೀರಾಮೆಯ ಜಠರಾಗ್ನಿ: ಸಾಕಿದ ಆಮೆಯ ಜೀರ್ಣಾರೋಗ್ಯವನ್ನು ಕುರಿತ ವಾದಗಳ ಸಮೀಕ್ಷೆ

ಗಾಜಿನ ತೊಟ್ಟಿಯಲ್ಲಿ ಸಾಕಿದ ನೀರಾಮೆಯು ಆಹಾರವನ್ನು ಮುಟ್ಟದೆ ಮೂಲೆ ಹಿಡಿದಾಗ, ದಿನಗಟ್ಟಲೆ ಮಲವಿಸರ್ಜನೆಯಿಲ್ಲದೆ ಬಳಲಿದಾಗ, ಇಲ್ಲವೆ ಮುಳುಗಲಾರದೆ ಒಂದು ಪಕ್ಕಕ್ಕೆ ವಾಲಿಕೊಂಡು ತೇಲುತ್ತಿರುವಾಗ, ಸಾಕಿದವರ ಬಾಯಿಂದ ಹೊರಡುವ ಮೊದಲ ಮಾತು ‘ಇದಕ್ಕೆ ಏನು ಔಷಧ ಹಾಕಬೇಕು?’ ಎಂಬುದೇ ಆಗಿರುತ್ತದೆ. ಆ ಕಳವಳವು ಸಹಜವಾದುದು, ಗೌರವಾರ್ಹವೂ ಆದುದು. ಆದರೆ ಕಳೆದ ಶತಮಾನದ ಮಧ್ಯಭಾಗದಿಂದ ಈಚೆಗೆ ಪ್ರಾಣಿಶಾಸ್ತ್ರಜ್ಞರೂ ಪಶುವೈದ್ಯರೂ ಅನುಭವಸ್ಥರಾದ ಸಾಕಣೆಗಾರರೂ ಈ ಜೀವಿಯ ಜೀರ್ಣಕ್ರಿಯೆಯನ್ನು ಕುರಿತು ನಡೆಸಿಕೊಂಡು ಬಂದಿರುವ ವಿಚಾರವನ್ನು ಸಮಗ್ರವಾಗಿ ನೋಡಿದವರಿಗೆ, ಔಷಧದ ಪ್ರಶ್ನೆಯು ಸಾಲಿನ ಕೊನೆಯಲ್ಲಿ ನಿಲ್ಲತಕ್ಕದ್ದೆಂದೂ, ದೋಷವು ಆಹಾರದಲ್ಲಿದೆಯೋ, ನೀರಿನ ಶಾಖದಲ್ಲಿದೆಯೋ, ಕರುಳಿನೊಳಗೆ ಮನೆಮಾಡಿಕೊಂಡಿರುವ ಜೀವಿಗಳಲ್ಲಿದೆಯೋ ಎಂಬುದು ಅದಕ್ಕೆ ಮುಂಚೆ ಇತ್ಯರ್ಥವಾಗಬೇಕೆಂದೂ ತಿಳಿದುಬರುತ್ತದೆ.

ಇಲ್ಲಿ ವಿಚಾರಕ್ಕೆ ತೆಗೆದುಕೊಂಡಿರುವುದು ಮುಖ್ಯವಾಗಿ ಒಂದೇ ಜಾತಿಯ ಆಮೆ: ಕಣ್ಣಿನ ಹಿಂದೆ ಕೆಂಪು ಪಟ್ಟೆಯುಳ್ಳ, ರೆಡ್ ಇಯರ್ಡ್ ಸ್ಲೈಡರ್ ಎಂದು ಪ್ರಸಿದ್ಧವಾದ, ಟ್ರಾಕೆಮಿಸ್ ಸ್ಕ್ರಿಪ್ಟಾ ಎಲೆಗನ್ಸ್ ಎಂಬ ಶಾಸ್ತ್ರನಾಮದ ಅಮೆರಿಕದ ಆಮೆ. ಸಾಕುಪ್ರಾಣಿಗಳ ಅಂಗಡಿಗಳಲ್ಲಿ ಬೆರಳೆರಡರಷ್ಟು ಗಾತ್ರದ ಹಸಿರು ಮರಿಯಾಗಿ ದೊರೆಯುವುದು ಬಹುಮಟ್ಟಿಗೆ ಇದೇ; ನೀರಾಮೆಗಳ ಜೀರ್ಣಶಕ್ತಿಯನ್ನು ಕುರಿತ ಪ್ರಯೋಗಗಳಲ್ಲಿ ಹೆಚ್ಚಿನವು ನಡೆದಿರುವುದೂ ಇದರ ಮೇಲೆ ಮತ್ತು ಇದರ ಹತ್ತಿರದ ಬಂಧುಗಳ ಮೇಲೆ. ನಮ್ಮ ನಾಡಿನ ಕೆರೆಹೊಳೆಗಳ ಆಮೆಗಳಾದರೋ 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಯ ರಕ್ಷಣೆಗೆ ಒಳಪಟ್ಟಿರುವುದರಿಂದ ಅವನ್ನು ಮನೆಯಲ್ಲಿ ಇಟ್ಟುಕೊಳ್ಳುವುದೇ ಅಪರಾಧ. ಅವುಗಳ ಸ್ಥಾನ ಕೆರೆಯೇ ಹೊರತು ತೊಟ್ಟಿಯಲ್ಲ.

ಈ ಪ್ರಾಣಿಯ ಅಂಗರಚನೆಯ ಮೂರು ಸಂಗತಿಗಳನ್ನು ನೆನಪಿನಲ್ಲಿಟ್ಟುಕೊಂಡರೆ ಮುಂದಿನ ವಾದಗಳೆಲ್ಲವೂ ಸುಗಮವಾಗುತ್ತವೆ. ಇದಕ್ಕೆ ಹಲ್ಲುಗಳಿಲ್ಲ, ಕೊಂಬಿನ ದ್ರವ್ಯದಿಂದಾದ ಕೊಕ್ಕಿನಂಚಿನಿಂದ ಆಹಾರವನ್ನು ಹರಿದು, ನೀರಿನೊಳಗೆ ಮುಖವಿಟ್ಟುಕೊಂಡೇ ನುಂಗುತ್ತದೆ. ಮಲ, ಮೂತ್ರ, ಮೊಟ್ಟೆ ಮೂರಕ್ಕೂ ಬಾಲದ ಬುಡದಲ್ಲಿರುವುದು ಒಂದೇ ದ್ವಾರ. ಮತ್ತು, ಎಲ್ಲಕ್ಕಿಂತ ಮುಖ್ಯವಾಗಿ, ಇದು ತನ್ನ ಮೈಯ ಶಾಖವನ್ನು ತಾನೇ ಹುಟ್ಟಿಸಿಕೊಳ್ಳಲಾರದ ಜೀವಿ. ಸುತ್ತಣ ನೀರು, ಬಂಡೆ, ಬಿಸಿಲುಗಳಿಂದ ಶಾಖವನ್ನು ಎರವು ಪಡೆದು ಬದುಕುತ್ತದೆ.

ಪ್ರಶ್ನೆ ಹುಟ್ಟಿಬಂದ ಬಗೆ

ಮಿಸಿಸಿಪ್ಪಿ ನದಿಯ ಜಲಾನಯನ ಪ್ರದೇಶವು ಈ ಆಮೆಯ ತವರು. ಎರಡನೆಯ ಮಹಾಯುದ್ಧದ ತರುವಾಯ ಲೂಯಿಸಿಯಾನಾ ಮೊದಲಾದ ದಕ್ಷಿಣ ರಾಜ್ಯಗಳಲ್ಲಿ ಆಮೆಯ ಮರಿಗಳನ್ನು ಕೊಳಗಳಲ್ಲಿ ಬೆಳೆಸಿ ಮಾರುವುದು ದೊಡ್ಡ ವ್ಯಾಪಾರವಾಗಿ ಬೆಳೆಯಿತು. ಅಮೆರಿಕದ ಅಗ್ಗದ ಸಾಮಾನುಗಳ ಅಂಗಡಿಗಳಲ್ಲಿ, ನಡುವೆ ಪ್ಲಾಸ್ಟಿಕ್ಕಿನ ತಾಳೆಮರವನ್ನು ನಿಲ್ಲಿಸಿದ ಪುಟ್ಟ ಬೋಗುಣಿಯೊಡನೆ, ಒಣಗಿಸಿದ ಇರುವೆಯ ಕೋಶಗಳ ಪೊಟ್ಟಣವೊಂದನ್ನು ಸೇರಿಸಿ, ಮಕ್ಕಳ ಆಟಿಕೆಯಂತೆ ಮರಿಗಳನ್ನು ಮಾರುತ್ತಿದ್ದರು. ನೀರು ತಣ್ಣಗೆ, ಬಿಸಿಲು ಇಲ್ಲ, ಆಹಾರ ನಿಸ್ಸಾರ. ದಶಕಗಳ ಕಾಲ ಬದುಕಬಲ್ಲ ಪ್ರಾಣಿಯ ಬಹುಪಾಲು ಮರಿಗಳು ವರ್ಷ ತುಂಬುವುದರೊಳಗೆ ಸಾಯುತ್ತಿದ್ದುವು; ಆ ಸಾವನ್ನು ಕಂಡ ಜನ ಆಮೆಯ ಮರಿ ಅಲ್ಪಾಯುವೆಂದೇ ನಂಬಿಕೊಂಡರು. ಈ ನಂಬಿಕೆ ಇಂದಿಗೂ ಪೂರ್ತಿಯಾಗಿ ಅಳಿದಿಲ್ಲವೆಂಬುದು ಖೇದದ ಸಂಗತಿ.

ವಿಜ್ಞಾನದ ಗಮನ ಎರಡು ದಾರಿಗಳಿಂದ ಇತ್ತ ಹರಿಯಿತು. ಒಂದು, ಕಾಡಿನ ಆಮೆಯ ಅಧ್ಯಯನ: ಫ್ರೆಡ್ ಕೇಗಲ್ ಎಂಬ ಪ್ರಾಣಿಶಾಸ್ತ್ರಜ್ಞನು 1950ರಲ್ಲಿ ಈ ಜಾತಿಯ ಜೀವನಚರಿತ್ರೆಯನ್ನು ಕುರಿತು ವಿಸ್ತಾರವಾದ ಪ್ರಬಂಧವನ್ನು ಪ್ರಕಟಿಸಿದನು. ಇನ್ನೊಂದು, ರೋಗದ ಅಧ್ಯಯನ: 1967ರಲ್ಲಿ ಎಲ್ಕನ್ ಮತ್ತು ಜ್ವಾರ್ಟ್ ಎಂಬ ವಿದ್ವಾಂಸರು, ಸಾಕಿದ ಮರಿಗಳ ರೆಪ್ಪೆಗಳು ಊದಿ ಕಣ್ಣು ಮುಚ್ಚಿಹೋಗುವ ಕಾಯಿಲೆಯು ಎ ಜೀವಸತ್ವದ ಕೊರತೆಯಿಂದ ಬರುವುದೆಂದು ತೋರಿಸಿಕೊಟ್ಟರು. ಕಣ್ಣು ಕಾಣದ ಆಮೆ ಆಹಾರವನ್ನು ಹುಡುಕದು. ಆದುದರಿಂದ ಹೊಟ್ಟೆಯ ರೋಗವೆಂದು ತೋರುತ್ತಿದ್ದ ಎಷ್ಟೋ ಉಪವಾಸಗಳ ಮೂಲವು ರೆಪ್ಪೆಯಲ್ಲಿಯೂ, ಅದರ ಮೂಲವು ಮತ್ತೆ ಆಹಾರದಲ್ಲಿಯೂ ಇದ್ದಿತೆಂದು ಆಗ ಹೊಳೆಯಿತು. ಇಷ್ಟರಲ್ಲಿ ಮನುಷ್ಯರ ಆರೋಗ್ಯದ ಪ್ರಶ್ನೆಯೂ ಎದ್ದಿತು: ಆಮೆಯ ಕರುಳಿನಲ್ಲಿ ವಾಸಿಸುವ ಸಾಲ್ಮೊನೆಲ್ಲಾ ರೋಗಾಣುವಿನಿಂದ ಅಮೆರಿಕದಲ್ಲಿ ವರ್ಷಕ್ಕೆ ಸುಮಾರು 2,80,000 ಮಂದಿ ಕಾಯಿಲೆ ಬೀಳುತ್ತಿದ್ದಾರೆಂಬ ಅಂದಾಜು 1970ರ ದಶಕದ ಆದಿಯಲ್ಲಿ ಹೊರಬಿದ್ದು, 1975ರಲ್ಲಿ ಅಲ್ಲಿಯ ಸರ್ಕಾರವು ನಾಲ್ಕು ಅಂಗುಲಕ್ಕಿಂತ ಕಡಿಮೆ ಉದ್ದದ ಚಿಪ್ಪಿನ ಆಮೆಗಳ ಮಾರಾಟವನ್ನು ನಿಷೇಧಿಸಿತು. ಆಮೆಯ ಕರುಳು ಹೀಗೆ ರಾಜಕಾರಣದ ವಿಷಯವಾಯಿತು. ಮರಿಗಳ ಹೊರದೇಶದ ರಫ್ತಾದರೋ ನಿಲ್ಲಲಿಲ್ಲ. ಆ ಪ್ರವಾಹದ ಕವಲೊಂದು ನಮ್ಮ ಊರುಗಳಿಗೂ ಬಂದು ಮುಟ್ಟಿತು.

ಆಹಾರವೇ ಮೂಲವೆಂಬ ಪಕ್ಷ

ಎಲ್ಲಕ್ಕಿಂತ ಹಳೆಯದೂ ಹೆಚ್ಚು ಬೆಂಬಲಿಗರುಳ್ಳದೂ ಆದ ಪಕ್ಷವಿದು. 1969ರಲ್ಲಿ ಕ್ಲಾರ್ಕ್ ಮತ್ತು ಗಿಬ್ಬನ್ಸ್ ಎಂಬವರು ಈ ಜಾತಿಯು ಬಾಲ್ಯದಲ್ಲಿ ಹುಳುಹುಪ್ಪಟೆಗಳನ್ನು ಅರಸಿ ತಿಂದು, ಬೆಳೆದಂತೆಲ್ಲ ಜಲಸಸ್ಯಗಳ ಕಡೆಗೆ ತಿರುಗುವುದೆಂದು ತೋರಿಸಿದರು. ಈ ಒಂದು ಸಂಗತಿಯಿಂದ ಸಾಕುವವರ ಎರಡು ಸಾಮಾನ್ಯ ತಪ್ಪುಗಳು ಬಯಲಾಗುತ್ತವೆ: ಎಳೆಯ ಮರಿಗೆ ಬರಿಯ ಸೊಪ್ಪನ್ನು ಹಾಕಿ ಸೊರಗಿಸುವುದು ಒಂದು, ಪ್ರೌಢವಾದ ಆಮೆಗೆ ದಿನವೂ ಮಾಂಸವನ್ನೋ ಒಣಸಿಗಡಿಯನ್ನೋ ತಿನ್ನಿಸಿ, ಚಿಪ್ಪಿನೊಳಗೆ ಹಿಡಿಸದಷ್ಟು ಕೊಬ್ಬು ಬರಿಸಿ, ಯಕೃತ್ತನ್ನು ಕೆಡಿಸುವುದು ಇನ್ನೊಂದು.

ಮರಿಯು ಸಸ್ಯವನ್ನು ತಿನ್ನದಿರುವುದು ಅದರ ಕರುಳು ಸಸ್ಯವನ್ನು ಜೀರ್ಣಿಸಿಕೊಳ್ಳಲಾರದ್ದರಿಂದಲೋ ಎಂಬ ಪ್ರಶ್ನೆ ಬಹುಕಾಲ ಉಳಿದಿತ್ತು. 2006ರಲ್ಲಿ ಬೂಶಾರ್ ಮತ್ತು ಬ್ಯೋರ್ನ್‌ಡಾಲ್ ನಡೆಸಿದ ಪ್ರಯೋಗದಲ್ಲಿ ಮರಿಗಳೂ ತೇಲುಸಸ್ಯವಾದ ಲೆಮ್ನಾವನ್ನು ಜೀರ್ಣಿಸಿಕೊಂಡುವು. ಆದರೆ ಸಿಗಡಿ ತಿಂದ ಮರಿಗಳ ಬೆಳವಣಿಗೆಗೆ ಅವು ಸಾಟಿಯಾಗಲಿಲ್ಲ. ಎಂದರೆ, ಕೊರತೆ ಕರುಳಿನ ಸಾಮರ್ಥ್ಯದಲ್ಲಿಲ್ಲ, ಸಸ್ಯದಿಂದ ದೊರೆಯುವ ಸತ್ತ್ವದ ಪ್ರಮಾಣದಲ್ಲಿದೆ. ಇದಕ್ಕೂ ಕುತೂಹಲಕರವಾದುದು ಕ್ಯಾರೆನ್ ಬ್ಯೋರ್ನ್‌ಡಾಲ್ ಅವರ 1991ರ ಪ್ರಯೋಗ. ಲೆಮ್ನಾವನ್ನೂ ಹಿಟ್ಟಿನ ಹುಳುವನ್ನೂ ಬೆರೆಸಿ ಕೊಟ್ಟಾಗ ಆಮೆಗಳು ಪಡೆದ ಪೋಷಣೆಯು, ಎರಡನ್ನೂ ಬೇರೆ ಬೇರೆಯಾಗಿ ಕೊಟ್ಟು ಲೆಕ್ಕಹಾಕಿದ್ದಕ್ಕಿಂತ ಅಧಿಕವಾಗಿತ್ತು. ಹುಳುವಿನ ಸಸಾರಜನಕವು ಸಸ್ಯವನ್ನು ಹುದುಗಿಸುವ ಸೂಕ್ಷ್ಮಜೀವಿಗಳಿಗೆ ಬಲ ಕೊಡುತ್ತದೆಂಬುದು ಅದಕ್ಕೆ ಕೊಟ್ಟ ವಿವರಣೆ. ಹುಳುವಿನ ಬದಲು ಸಿಗಡಿಯನ್ನು ಬೆರೆಸಿದ ಮುಂದಿನ ಪ್ರಯೋಗದಲ್ಲಿ ಅದೇ ಲಾಭ ಕಾಣಲಿಲ್ಲವಾಗಿ, ಮಿಶ್ರಾಹಾರವೆಲ್ಲವೂ ಶ್ರೇಷ್ಠವೆಂಬ ಸುಲಭ ಸೂತ್ರಕ್ಕೆ ತಡೆ ಬಿದ್ದಿತು.

ಆಹಾರಪಕ್ಷದವರು ಎಣಿಸಿಕೊಡುವ ಮನೆಯ ದೋಷಗಳು ಅನೇಕ. ಅಂಗಡಿಯ ಡಬ್ಬಿಗಳಲ್ಲಿ ಬರುವ ಒಣಸಿಗಡಿಯನ್ನೇ ಏಕಾಹಾರವಾಗಿ ಹಾಕುವುದರಿಂದ ಎ ಜೀವಸತ್ವವೂ ಸುಣ್ಣಾಂಶವೂ ಸಾಲದೆ ಹೋಗುತ್ತವೆ. ಗೋಲ್ಡ್‌ಫಿಶ್ ಮೊದಲಾದ ಕೆಲವು ಹಸಿಮೀನುಗಳಲ್ಲಿರುವ ಥಯಾಮಿನೇಸ್ ಎಂಬ ಕಿಣ್ವವು ಬಿ1 ಜೀವಸತ್ವವನ್ನು ನಾಶಮಾಡುತ್ತದೆ. ಪಾಲಕ್, ಬಸಳೆಗಳ ಆಕ್ಸಲೇಟು ಸುಣ್ಣಾಂಶವನ್ನು ಕಟ್ಟಿಹಾಕುವುದರಿಂದ ಅವನ್ನು ದಿನದ ಸೊಪ್ಪಾಗಿ ಕೊಡಲಾಗದು. ಅನ್ನ, ಬ್ರೆಡ್ಡು, ಹಾಲುಗಳನ್ನು ಪ್ರೀತಿಯಿಂದಲೇ ಕೊಡುವ ಮನೆಗಳುಂಟು. ಆದರೆ ಮೊಲೆಹಾಲನ್ನೇ ಕಾಣದ ವರ್ಗಕ್ಕೆ ಸೇರಿದ ಜೀವಿಯ ಹೊಟ್ಟೆಗೆ ಹಾಲು ಪರಕೀಯವಾದುದು. ಗ್ರಂಧಿಗೆ ಅಂಗಡಿಯಲ್ಲಿ ದೊರೆಯುವ ಕಡಲನೊರೆಯ ತುಂಡೊಂದನ್ನು ತೊಟ್ಟಿಯಲ್ಲಿ ತೇಲಬಿಟ್ಟರೆ ಆಮೆಯು ಅದನ್ನು ಕಡಿದು ಸುಣ್ಣಾಂಶವನ್ನು ಪಡೆಯಬಲ್ಲುದೆಂಬುದು, ನಾರಿಗೂ ಕೆರೋಟಿನಿಗೂ ಕುಂಬಳಕಾಯಿ, ಗಜ್ಜರಿಗಳು ಒದಗಬಲ್ಲುವೆಂಬುದು ಈ ಪಕ್ಷದವರ ಉಪಯುಕ್ತ ಸಲಹೆಗಳು. ಇವರ ಮಾತಿನಲ್ಲಿ ಹುಸಿಯಿಲ್ಲ. ಆದರೆ ಒಳ್ಳೆಯ ಆಹಾರ ತಿಂದ ಆಮೆಯೂ ಮಲಬದ್ಧತೆಯಿಂದ ಬಳಲುವುದೇಕೆ ಎಂಬುದಕ್ಕೆ ಇವರಲ್ಲಿ ಪೂರ್ಣವಾದ ಉತ್ತರವಿಲ್ಲ.

ಶಾಖವೇ ಮೂಲವೆಂಬ ಪಕ್ಷ

ಆ ಉತ್ತರ ದೊರೆಯುವುದು ಎರಡನೆಯ ಪಕ್ಷದಲ್ಲಿ. ನನ್ನ ಒಲವು ಈ ಪಕ್ಷದ ಕಡೆಗೆಂಬುದನ್ನು ಮುಚ್ಚಿಡುವ ಅಗತ್ಯವಿಲ್ಲ. 1974ರಲ್ಲಿ ಗ್ಯಾಟನ್ ಎಂಬ ಶಾಸ್ತ್ರಜ್ಞನು, ಬೇರೆ ಬೇರೆ ಶಾಖದ ಸ್ಥಳಗಳ ನಡುವೆ ಆಯ್ಕೆಗೆ ಅವಕಾಶವಿದ್ದಾಗ ಹಸಿದ ಆಮೆಯೂ ಉಂಡ ಆಮೆಯೂ ಒಂದೇ ಸ್ಥಳವನ್ನು ಆರಿಸುವುದಿಲ್ಲವೆಂಬುದನ್ನು ಕಂಡನು. ಹೊಟ್ಟೆ ತುಂಬಿದ ಆಮೆಗಳು ತಮ್ಮ ಮೈಯನ್ನು ಸುಮಾರು 29 ಡಿಗ್ರಿ ಸೆಲ್ಸಿಯಸ್ಸಿನವರೆಗೆ ಕಾಯಿಸಿಕೊಂಡುವು. ಹಸಿದವು ಅದಕ್ಕಿಂತ ತಂಪಾದ ತಾಣದಲ್ಲಿಯೇ ತೃಪ್ತಿಪಟ್ಟುವು. ಜೀರ್ಣಕ್ಕೆ ಶಾಖ ಬೇಕೆಂಬುದನ್ನು ಆಮೆಯ ಮೈಯೇ ಬಲ್ಲುದೆಂಬುದಕ್ಕೆ ಇದಕ್ಕಿಂತ ಚೆನ್ನಾದ ಸಾಕ್ಷ್ಯ ಬೇಕೆ? 1980ರ ಸುಮಾರಿನಲ್ಲಿ ಪಾರ್ಮೆಂಟರ್ ಎಂಬವನ ಅಧ್ಯಯನಗಳು ನೀರಿನ ಶಾಖ ಏರಿದಂತೆ ಆಹಾರವು ಕರುಳನ್ನು ದಾಟುವ ವೇಗವೂ ಏರುವುದೆಂಬುದನ್ನು ಸ್ಥಿರಪಡಿಸಿದುವು. ಕಿಣ್ವಗಳ ಕೆಲಸ, ಕರುಳಿನ ಸ್ನಾಯುಗಳ ಅಲೆಯಂಥ ಚಲನೆ, ಹುದುಗಿಸುವ ಸೂಕ್ಷ್ಮಜೀವಿಗಳ ಚಟುವಟಿಕೆ, ಇವು ಮೂರೂ ಶಾಖದ ಅಧೀನವಾಗಿರುವಾಗ, ತಣ್ಣನೆಯ ತೊಟ್ಟಿಯಲ್ಲಿ ಆಹಾರದ ಗುಣವನ್ನು ಚರ್ಚಿಸುವುದು ಒಲೆಯೇ ಹೊತ್ತದ ಮನೆಯಲ್ಲಿ ಅಕ್ಕಿಯ ತಳಿಯನ್ನು ಕುರಿತು ವಾದಿಸಿದಂತೆ.

ಆದುದರಿಂದಲೇ ಈ ಪಕ್ಷದ ವೈದ್ಯರು ನೀರನ್ನು 24ರಿಂದ 27 ಡಿಗ್ರಿಗಳ ನಡುವೆ ಇರಿಸಬೇಕೆಂದೂ, ಆಮೆಯು ನೀರಿನಿಂದ ಪೂರ್ತಿ ಮೇಲೆ ಹತ್ತಿ ಮೈಯೊಣಗಿಸಿಕೊಂಡು ಬಿಸಿಲು ಕಾಯುವುದಕ್ಕೆ 32 ಡಿಗ್ರಿಯ ಆಸುಪಾಸಿನ ಒಣಜಾಗವೊಂದು ಇರತಕ್ಕದ್ದೆಂದೂ ವಿಧಿಸುತ್ತಾರೆ. ಬಿಸಿಲಿನಿಂದ ಇನ್ನೊಂದು ಉಪಕಾರವೂ ಉಂಟು. ಅದರಲ್ಲಿರುವ ಅತಿನೇರಳೆ ಕಿರಣಗಳಿಂದ ಚರ್ಮದಲ್ಲಿ ಡಿ ಜೀವಸತ್ವ ಹುಟ್ಟಿ, ಅದರ ನೆರವಿನಿಂದ ಸುಣ್ಣಾಂಶ ಮೈಗೂಡುತ್ತದೆ. ಸುಣ್ಣಾಂಶ ಸಾಲದಿದ್ದರೆ ಚಿಪ್ಪು ಮೆತ್ತಗಾಗುವುದಷ್ಟೇ ಅಲ್ಲ, ಕರುಳಿನ ಸ್ನಾಯುಗಳು ಕೂಡ ಬಲಗುಂದುತ್ತವೆ. ಕಿಟಕಿಯ ಗಾಜು ಈ ಕಿರಣಗಳನ್ನು ಬಹುಮಟ್ಟಿಗೆ ತಡೆದುಬಿಡುವುದರಿಂದ, ಗಾಜಿನೊಳಗಿಂದ ಬೀಳುವ ಬಿಸಿಲನ್ನು ನಂಬಿ ಕುಳಿತುಕೊಳ್ಳುವಂತಿಲ್ಲ.

ಸೆಕೆಯ ನಾಡಿನಲ್ಲಿ ಶಾಖದ ಚಿಂತೆಯೇಕೆಂದು ಕೇಳುವವರಿಗೆ ಬೆಂಗಳೂರಿನ ಚಳಿಗಾಲವನ್ನು ತೋರಿಸಬೇಕು. ಡಿಸೆಂಬರ್, ಜನವರಿಗಳ ರಾತ್ರಿ ಅಲ್ಲಿ ಶಾಖವು 15 ಡಿಗ್ರಿಯ ಹತ್ತಿರಕ್ಕೆ ಇಳಿಯುತ್ತದೆ. ಹೀಟರಿಲ್ಲದ ಚಿಕ್ಕ ತೊಟ್ಟಿಯ ನೀರು ಬೆಳಗಾಗುವಷ್ಟರಲ್ಲಿ 20 ಡಿಗ್ರಿಗಿಂತ ಕೆಳಗೆ ಬರುವುದು ಅಪರೂಪವಲ್ಲ. ತವರಿನ ಕೊಳದ ಆಮೆಯಾದರೋ ಚಳಿಗಾಲಕ್ಕೆ ಮುಂಚೆಯೇ ತಿನ್ನುವುದನ್ನು ನಿಲ್ಲಿಸಿ, ಕರುಳನ್ನು ಬರಿದುಮಾಡಿಕೊಂಡು, ನೀರಿನ ತಳದಲ್ಲಿ ಜಡವಾಗಿ ಕಾಲ ಕಳೆಯುತ್ತದೆ. ನಮ್ಮ ತೊಟ್ಟಿಯ ಆಮೆಗೆ ಆ ಪೂರ್ಣಶೀತವೂ ಇಲ್ಲ, ಪೂರ್ಣಶಾಖವೂ ಇಲ್ಲ. ಮಧ್ಯಾಹ್ನದ ಬೆಚ್ಚಗಿನಲ್ಲಿ ತಿಂದುದು ರಾತ್ರಿಯ ತಂಪಿನಲ್ಲಿ ಜೀರ್ಣವಾಗದೆ ಜಠರದಲ್ಲಿ ನಿಂತು ಕೊಳೆಯುತ್ತದೆ. ಚಳಿಗಾಲದಲ್ಲಿ ಆಮೆಗೆ ಹೊಟ್ಟೆ ಕೆಟ್ಟಿತೆಂದು ಬರುವವರನ್ನು ವೈದ್ಯನು ಮೊದಲು ನೀರಿನ ಶಾಖವನ್ನು ಕೇಳುವುದು ಈ ಕಾರಣದಿಂದ.

ಕರುಳಿನ ನಿವಾಸಿಗಳನ್ನು ಕುರಿತ ವಾದ

ಮೂರನೆಯ ಪಕ್ಷವು ಜಂತುಗಳನ್ನೂ ಸೂಕ್ಷ್ಮಜೀವಿಗಳನ್ನೂ ಮುಂದಿಡುತ್ತದೆ. ಇದರೊಳಗೆ ಎರಡು ಕವಲುಗಳಿದ್ದು, ಒಂದು ಕವಲಿನವರಿಗೆ ಆ ನಿವಾಸಿಗಳು ಶತ್ರುಗಳು, ಇನ್ನೊಂದರವರಿಗೆ ಮಿತ್ರರು. 1990ರಲ್ಲಿ ಬ್ಯೋರ್ನ್‌ಡಾಲ್ ಮತ್ತು ಬೋಲ್ಟನ್ ಅವರು ಫ್ಲೋರಿಡಾದ ಸಸ್ಯಾಹಾರಿ ನೀರಾಮೆಯೊಂದರಲ್ಲಿ, ಸಸ್ಯದ ನಾರನ್ನು ಹುದುಗಿಸುವ ಕಾರ್ಯವು ಸಣ್ಣ ಕರುಳಿನಲ್ಲಿಯೇ ನಡೆಯುವುದನ್ನು ಕಂಡುಹಿಡಿದರು. ಇಂಥ ಸಹವಾಸಿಗಳನ್ನು ಪ್ರತಿಜೈವಿಕ ಔಷಧಗಳಿಂದ ನಿರ್ವಿವೇಕವಾಗಿ ಕೊಂದರೆ ಜೀರ್ಣಶಕ್ತಿಯ ಒಂದು ಅಂಗವನ್ನೇ ಕತ್ತರಿಸಿದಂತಾಗುವುದೆಂಬುದು ಎರಡನೆಯ ಕವಲಿನವರ ನ್ಯಾಯವಾದ ಆಕ್ಷೇಪ.

ಸಾಲ್ಮೊನೆಲ್ಲಾದ ಚರಿತ್ರೆಯು ಈ ಆಕ್ಷೇಪಕ್ಕೆ ಬಲ ಕೊಡುತ್ತದೆ. ಆಮೆಗೆ ತಾನಾಗಿ ಬಹುಶಃ ಯಾವ ಬಾಧೆಯನ್ನೂ ಮಾಡದ ಈ ಜೀವಿಯನ್ನು ನಿರ್ಮೂಲ ಮಾಡುವುದಕ್ಕೆಂದು ಲೂಯಿಸಿಯಾನಾದ ಕೃಷಿಕ್ಷೇತ್ರಗಳಲ್ಲಿ ಮೊಟ್ಟೆಗಳನ್ನು ಜೆಂಟಾಮೈಸಿನ್ ದ್ರಾವಣದಲ್ಲಿ ಅದ್ದುವ ಪದ್ಧತಿ ಬಂದಿತು. ಕೆಲವು ವರ್ಷಗಳಲ್ಲಿ, ರಫ್ತಾದ ಮರಿಗಳಲ್ಲಿ ಆ ಔಷಧಕ್ಕೆ ಬಗ್ಗದ ಸಾಲ್ಮೊನೆಲ್ಲಾ ಕಾಣಿಸಿಕೊಂಡಿತು. ಆಮೆಯನ್ನೂ ಅದರ ನೀರನ್ನೂ ಮುಟ್ಟಿದ ಕೈಯನ್ನು ಸೋಪಿನಿಂದ ತೊಳೆಯುವುದು, ತೊಟ್ಟಿಯ ಸಾಮಾನುಗಳನ್ನು ಅಡುಗೆಮನೆಯ ಬಚ್ಚಲಲ್ಲಿ ತೊಳೆಯದಿರುವುದು, ಐದು ವರ್ಷದೊಳಗಿನ ಮಕ್ಕಳನ್ನು ದೂರವಿಡುವುದು, ಇವೇ ಇಂದಿಗೂ ಉಳಿದಿರುವ ಭದ್ರವಾದ ರಕ್ಷಣೆ.

ಜಂತುಗಳ ವಿಷಯದಲ್ಲಿ ವಾದ ಇನ್ನೂ ಸೂಕ್ಷ್ಮವಾದುದು. ಮಲವನ್ನು ಸೂಕ್ಷ್ಮದರ್ಶಕದಲ್ಲಿ ಪರೀಕ್ಷಿಸಿದರೆ ಸ್ವಸ್ಥವಾದ ಆಮೆಯಲ್ಲಿಯೂ ಒಂದಿಷ್ಟು ಹುಳುವಿನ ಮೊಟ್ಟೆಗಳು, ಚಾಟಿಯಂಥ ಬಾಲದ ಏಕಕೋಶಜೀವಿಗಳು ಕಾಣುವುದುಂಟು. ಎಂಟಮೀಬಾ ಇನ್ವೇಡೆನ್ಸ್ ಎಂಬುದು ಹಾವುಗಳಿಗೆ ಮಾರಕವಾದರೂ, ಎಷ್ಟೋ ಆಮೆಗಳು ಅದನ್ನು ರೋಗಚಿಹ್ನೆಯಿಲ್ಲದೆ ಹೊತ್ತು ತಿರುಗುತ್ತವೆ. ಆದುದರಿಂದ ಕಂಡ ಹುಳುವನ್ನೆಲ್ಲ ಕೊಲ್ಲಬೇಕೆಂಬುವರಿಗೂ, ಆಮೆ ತಿಂದು ಬೆಳೆಯುತ್ತಿರುವವರೆಗೆ ಬಿಟ್ಟುಬಿಡಬೇಕೆಂಬುವರಿಗೂ ನಡುವೆ ಹೊಂದಾಣಿಕೆ ಆಗಿಲ್ಲ.

ಔಷಧದ ಪ್ರಯೋಜನ, ಔಷಧದ ಅಪಾಯ

ಈ ವಿಷಯದಲ್ಲಿ ಮೊದಲು ಹೇಳಬೇಕಾದುದು ಒಂದು ಎಚ್ಚರಿಕೆ. ನಾಯಿ, ದನಗಳ ಜಂತುನಾಶಕ್ಕೆ ಎಲ್ಲೆಲ್ಲಿಯೂ ಬಳಕೆಯಲ್ಲಿರುವ ಐವರ್‌ಮೆಕ್ಟಿನ್ ಎಂಬ ಔಷಧವು ಆಮೆಗಳಲ್ಲಿ ಅಂಗಾಂಗಗಳ ಶಕ್ತಿಯನ್ನು ಉಡುಗಿಸಿ ಸಾವನ್ನು ತರಬಲ್ಲುದೆಂದು ಟಿಯರ್ ಮತ್ತು ಬುಷ್ ಎಂಬ ವೈದ್ಯರು 1983ರಲ್ಲಿಯೇ ಪ್ರಕಟಿಸಿದ್ದಾರೆ. ಅದನ್ನು ಆಮೆಗೆ ಎಂದಿಗೂ ಕೊಡಬಾರದು. ಅದರ ಬದಲು ಬಳಕೆಗೆ ಬಂದ ಫೆನ್‌ಬೆಂಡಜೋಲ್ ಹೆಚ್ಚು ಸುರಕ್ಷಿತವೆಂದು ಎಣಿಸಲ್ಪಟ್ಟಿದ್ದರೂ, ಯೂರೋಪಿನ ಒಂದು ನೆಲದಾಮೆಯಲ್ಲಿ ಅದರಿಂದ ಬಿಳಿಯ ರಕ್ತಕಣಗಳು ಇಳಿದುದನ್ನು 2005ರ ಅಧ್ಯಯನವೊಂದು ವರದಿ ಮಾಡಿದೆ. ಮಲಬದ್ಧತೆಗೆಂದು ಬಾಯಿಗೆ ಎಣ್ಣೆ ಹೊಯ್ಯುವ ಮನೆಮದ್ದಿನಲ್ಲಿ, ಆ ಎಣ್ಣೆ ಶ್ವಾಸನಾಳಕ್ಕೆ ಇಳಿದು ಪುಪ್ಪುಸವನ್ನು ಕೆಡಿಸುವ ಭಯವಿದೆ. ನಿರಪಾಯವೆಂದು ಎಲ್ಲರೂ ಒಪ್ಪುವ ಉಪಚಾರ ಒಂದೇ: ಕತ್ತು ಮುಳುಗದಷ್ಟು ಆಳದ, 28 ಡಿಗ್ರಿಯ ಆಸುಪಾಸಿನ ಉಗುರುಬೆಚ್ಚಗಿನ ನೀರಿನಲ್ಲಿ ಆಮೆಯನ್ನು ಇಪ್ಪತ್ತು, ಮೂವತ್ತು ನಿಮಿಷ ಕೂರಿಸುವುದು. ಅಲ್ಪಸ್ವಲ್ಪದ ಮಲಬದ್ಧತೆ ಎಷ್ಟೋ ಸಲ ಇಷ್ಟಕ್ಕೇ ಸಡಿಲುತ್ತದೆ.

ಇನ್ನು, ಹೊಟ್ಟೆಯ ರೋಗದ ವೇಷದಲ್ಲಿ ಬರುವ ಬೇರೆ ರೋಗಗಳನ್ನು ಗುರುತಿಸದೆ ಔಷಧ ಕೊಡುವುದರಿಂದ ಆಗುವ ಹಾನಿಯೂ ಸಣ್ಣದಲ್ಲ. ವಾಲಿಕೊಂಡು ತೇಲುವ ಆಮೆಗೆ ಕರುಳಿನಲ್ಲಿ ವಾಯು ತುಂಬಿರಬಹುದು. ಆದರೆ ಒಂದು ಕಡೆಯ ಪುಪ್ಪುಸಕ್ಕೆ ನ್ಯುಮೋನಿಯಾ ತಗಲಿದಾಗಲೂ ಅದು ಹಾಗೆಯೇ ತೇಲುತ್ತದೆ. ಎರಡನ್ನೂ ಬೇರ್ಪಡಿಸಲು ಕ್ಷಕಿರಣ ಚಿತ್ರ ಬೇಕು. ಪ್ರೌಢವಾದ ಹೆಣ್ಣಾಮೆಯು ಊಟ ಬಿಟ್ಟು ತಳಮಳಿಸುತ್ತಿದ್ದರೆ ಹೊಟ್ಟೆಯಲ್ಲಿರುವುದು ಮಲವಲ್ಲ, ಮೊಟ್ಟೆಗಳಾಗಿರಬಹುದು. ಜೊತೆಯಲ್ಲಿ ಗಂಡಿಲ್ಲದಿದ್ದರೂ ಹೆಣ್ಣು ಮೊಟ್ಟೆ ಕಟ್ಟುತ್ತದೆ, ಇಡಲು ಮಣ್ಣು ಸಿಗದಿದ್ದರೆ ಒಳಗೆ ತಡೆದುಕೊಳ್ಳುತ್ತದೆ. ಬಾಲದ ಬುಡದಿಂದ ಕಪ್ಪಾದ ಮಾಂಸಖಂಡವು ಹೊರಬಂದುದನ್ನು ಕಂಡು ಕರುಳೇ ಜಾರಿತೆಂದು ಕೆಲವರು ಗಾಬರಿಯಾಗುತ್ತಾರೆ. ಗಂಡಾಮೆಯಲ್ಲಿ ಅದು ಜನನಾಂಗವಾಗಿದ್ದು ಸ್ವಲ್ಪ ಹೊತ್ತಿನಲ್ಲಿ ತಾನೇ ಒಳಗೆ ಹೋಗುತ್ತದೆ. ಒಳಗೆ ಹೋಗದೆ ಉಳಿದರೆ, ಹೊರಬಂದುದು ಏನೇ ಆಗಿರಲಿ, ಅದು ಒಣಗದಂತೆ ಒದ್ದೆಯಾಗಿಟ್ಟು ತಡಮಾಡದೆ ವೈದ್ಯರಲ್ಲಿಗೆ ಒಯ್ಯತಕ್ಕದ್ದು.

ಇತ್ಯರ್ಥವಾಗದೆ ಉಳಿದಿರುವುವು

ತೊಟ್ಟಿಯ ತಳದ ಕಲ್ಲಿನ ಪ್ರಶ್ನೆ ಮೊದಲನೆಯದು. ಸಣ್ಣ ಹರಳುಗಳನ್ನು ನುಂಗಿ ಕರುಳು ಕಟ್ಟಿಕೊಂಡ ಆಮೆಗಳನ್ನು ವೈದ್ಯರು ಕಂಡಿದ್ದಾರೆ. ತಲೆಗಿಂತ ದೊಡ್ಡ ಕಲ್ಲುಗಳನ್ನು ಮಾತ್ರ ಹಾಕಬೇಕೆಂಬ ನಿಯಮ ಅದರಿಂದ ಹುಟ್ಟಿತು. ಆದರೆ ಕಾಡಿನ ಆಮೆಗಳ ಹೊಟ್ಟೆಯಲ್ಲಿಯೂ ಕಲ್ಲು ಸಿಗುತ್ತದೆ. ಅವು ಕಲ್ಲನ್ನು ಬೇಕೆಂದೇ ನುಂಗುವುವೋ, ಖನಿಜದ ಹಸಿವಿನಿಂದಲೋ, ಆಹಾರದ ಜೊತೆಗೆ ಅಕಸ್ಮಾತ್ತಾಗಿಯೋ ಎಂಬುದು ತೀರ್ಮಾನವಾಗಿಲ್ಲ. ಪ್ರೌಢವಾದ ಆಮೆಗೆ ದಿನವೂ ಸ್ವಲ್ಪ ಸ್ವಲ್ಪ ಹಾಕಬೇಕೋ, ಎರಡು ಮೂರು ದಿನಗಳಿಗೊಮ್ಮೆ ಹೊಟ್ಟೆತುಂಬ ಹಾಕಬೇಕೋ ಎಂಬುದರಲ್ಲಿ ಅನುಭವಸ್ಥರೇ ಎರಡು ಪಂಗಡ. ಅಧಿಕ ಸಸಾರಜನಕದ ಪಾಪವೆಂದು ಹೇಳಲಾಗುತ್ತಿದ್ದ ಚಿಪ್ಪಿನ ಗೋಪುರರೂಪದ ವಿಕಾರವು, ನೆಲದಾಮೆಗಳಲ್ಲಿ ವಾಯುವಿನ ತೇವದ ಕೊರತೆಗೆ ಹೆಚ್ಚು ಸಂಬಂಧಪಟ್ಟುದೆಂದು 2003ರಲ್ಲಿ ವೀಸ್ನರ್ ಮತ್ತು ಇಬೆನ್ ತೋರಿಸಿದ ಮೇಲೆ, ಸಸಾರಜನಕದ ಮೇಲಿನ ಆರೋಪಗಳನ್ನು ನೀರಾಮೆಯಲ್ಲಿಯೂ ಮರುವಿಚಾರಣೆ ಮಾಡಬೇಕಾಗಿದೆ. ಕರುಳಿನ ಮಿತ್ರಜೀವಿಗಳನ್ನು ಪುಡಿಯಾಗಿ ಮಾಡಿ ಮಾರುವ ಉದ್ಯಮ ಬೆಳೆದಿದ್ದರೂ, ಆ ಪುಡಿಯಿಂದ ಆಮೆಗೆ ಲಾಭವಾಗುವುದೆಂಬುದಕ್ಕೆ ದೃಢವಾದ ಪ್ರಮಾಣ ಇನ್ನೂ ಬಂದಿಲ್ಲ. ಔಷಧಗಳ ಪ್ರಮಾಣವಂತೂ ಬಹುಪಾಲು ಬೇರೆ ಪ್ರಾಣಿಗಳಿಂದ ಎರವು ತಂದುದು. ಚಳಿಗಾಲದ ಜಡನಿದ್ರೆಯು ತೊಟ್ಟಿಯ ಆಮೆಯ ಆರೋಗ್ಯಕ್ಕೆ ಅವಶ್ಯವೋ, ವರ್ಷವಿಡೀ ಬೆಚ್ಚಗಿಟ್ಟರೆ ಅಡ್ಡಿಯಿಲ್ಲವೋ ಎಂಬ ವಾದವೂ ಜೀವಂತವಾಗಿದೆ.

ಇವೆಲ್ಲ ಇತ್ಯರ್ಥವಾಗುವವರೆಗೆ ಕಾಯದೆ ಮಾಡಬಹುದಾದ ಕೆಲಸಗಳುಂಟು. ಈಗಾಗಲೇ ಆಮೆಯನ್ನು ಸಾಕಿರುವವರು ತೊಟ್ಟಿಗೊಂದು ಥರ್ಮಾಮೀಟರನ್ನು ಹಾಕಿ, ನೀರಿನ ಶಾಖವನ್ನೂ, ಕೊಟ್ಟ ಆಹಾರವನ್ನೂ, ಮಲದ ಸ್ಥಿತಿಯನ್ನೂ, ತಿಂಗಳಿಗೊಮ್ಮೆ ತೂಕವನ್ನೂ ಒಂದು ಪುಸ್ತಕದಲ್ಲಿ ಬರೆದಿಟ್ಟು, ಕಾಯಿಲೆ ಬಂದಾಗ ಆ ಪುಸ್ತಕದೊಡನೆ ಪಶುವೈದ್ಯರಲ್ಲಿಗೆ ಹೋಗಬೇಕು. ಸಾಕಲಾಗದೆಂದು ಅದನ್ನು ಕೆರೆಗೆ ಬಿಡುವುದು ಮಾತ್ರ ಬೇಡ. ಜಗತ್ತಿನ ನೂರು ಕೆಟ್ಟ ಆಕ್ರಮಣಕಾರಿ ಜೀವಿಗಳ ಪಟ್ಟಿಯಲ್ಲಿ ಈ ಆಮೆಯ ಹೆಸರಿದೆ, ನಮ್ಮ ಕೆರೆಯ ಆಮೆಗಳ ಅನ್ನವನ್ನೂ ಬಿಸಿಲುಗಲ್ಲನ್ನೂ ಅದು ಕಸಿದುಕೊಳ್ಳುತ್ತದೆ. ಹೆಬ್ಬಾಳ ಮೊದಲಾದೆಡೆಗಳ ನಮ್ಮ ಪಶುವೈದ್ಯ ಕಾಲೇಜುಗಳಲ್ಲಿ ಈ ರೋಗಿಗಳನ್ನು ಕಂಡಿರುವ ವೈದ್ಯರು ತಮ್ಮ ಅನುಭವವನ್ನು ಕನ್ನಡದಲ್ಲಿ ಬರೆದು ಪ್ರಕಟಿಸಲೆಂದು ಈ ಮೂಲಕ ಪ್ರಾರ್ಥಿಸುತ್ತೇನೆ.